ನಾಲ್ಕನೇ ಪ್ಯಾರಾ

ತೂಕ ಮತ್ತು ಅಳತೆ ಇಲಾಖೆಯ ನಮ್ಮ ಕಚೇರಿಗೆ ಯಾರೇ ಬರಲಿ, ಮೊದಲು ಕಣ್ಣಿಗೆ ಬೀಳುವುದು ಜಪ್ತಿಯಾದ ತಕ್ಕಡಿಗಳು. ಮುದ್ರೆಯಿಲ್ಲದ ತಕ್ಕಡಿ, ಮುದ್ರೆ ಇದ್ದೂ ಸುಳ್ಳು ಹೇಳುವ ತಕ್ಕಡಿ, ತಟ್ಟೆಯಡಿಗೆ ಆಯಸ್ಕಾಂತ ಅಂಟಿಸಿಕೊಂಡು ಸಿಕ್ಕಿಬಿದ್ದ ತಕ್ಕಡಿ, ಎಲ್ಲವೂ ಗೋಡೆಗುಂಟ ಒಂದರ ಮೇಲೊಂದು ಕೂತಿವೆ. ಅವನ್ನು ದಾಟಿ, ಮುದ್ರೆ ಹಾಕಿಸಲು ತೂಕದ ಬಟ್ಟುಗಳನ್ನು ಚೀಲದಲ್ಲಿ ಹೊತ್ತು ತಂದು ಬೆಂಚಿನ ಮೇಲೆ ತೂಕಡಿಸುತ್ತಿರುವ ತರಕಾರಿ ಅಂಗಡಿಯವರನ್ನೂ ದಾಟಿದರೆ, ಕಿಟಕಿ ಪಕ್ಕದ ಮೇಜಿನಲ್ಲಿ ಕೆಂಪು ಪೆನ್ನು ಹಿಡಿದುಕೊಂಡು, ಯಾರೋ ಬರೆದದ್ದನ್ನು ಓದುತ್ತ, ಹಲ್ಲುನೋವು ಬಂದವರ ಹಾಗೆ ಮುಖ ಮಾಡಿಕೊಂಡ ಒಬ್ಬರು ಸಿಗುತ್ತಾರೆ. ಅವರೇ ತಿದ್ದುಪಡಿ.

ಅಪ್ಪ ಅಮ್ಮ ಇಟ್ಟ ಹೆಸರು ಬೇರೆ ಇದೆ. ಅದು ಸಂಬಳದ ದಿನ ಮಾತ್ರ ಬಳಕೆಗೆ ಬರುತ್ತದೆ. ಉಳಿದ ದಿನಗಳಲ್ಲಿ ಅವರು ಸಾಹೇಬರಿಗೂ ತಿದ್ದುಪಡಿ, ಜವಾನರಿಗೂ ತಿದ್ದುಪಡಿಯವರು. ಕಚೇರಿಯಿಂದ ಹೊರಗೆ ಹೋಗುವ ಯಾವ ಕಾಗದವೂ ಅವರ ಮೇಜನ್ನು ಮುಟ್ಟದೆ ಹೋಗುವಂತಿಲ್ಲ. ಇದು ಯಾವ ನಿಯಮದಲ್ಲೂ ಇಲ್ಲ, ಆದರೆ ನಿಯಮದಲ್ಲಿರುವುದಕ್ಕಿಂತ ಚೆನ್ನಾಗಿ ನಡೆದುಕೊಂಡು ಬಂದಿದೆ. ನಮ್ಮಲ್ಲಿ ರಜೆಯ ಅರ್ಜಿ ಬರೆದವರೂ ಒಮ್ಮೆ ಅವರ ಮೇಜಿನ ಮೇಲಿಟ್ಟೇ ಜ್ವರ ಬರಿಸಿಕೊಳ್ಳುತ್ತಾರೆ.

ಅವರಿಗೆ ಅಕ್ಷರದ ತಪ್ಪು ಹಿಡಿಯುವ ಚಟ ಎಂದುಕೊಳ್ಳಬೇಡಿ. ಅದನ್ನು ಅವರು ಮಕ್ಕಳಾಟ ಎನ್ನುತ್ತಾರೆ. ಅವರ ಕಾಯಿಲೆ ಇನ್ನೂ ಆಳದ್ದು. ಯಾವ ಮಾತು ಯಾವ ಮಾತಿನ ಹಿಂದೆ ನಿಲ್ಲಬೇಕು, ಬಲವಾದ ಕಾರಣ ಎಲ್ಲಿರಬೇಕು, ದುರ್ಬಲವಾದದ್ದನ್ನು ಯಾರ ಬೆನ್ನ ಹಿಂದೆ ಅಡಗಿಸಬೇಕು, ಇದೇ ಅವರ ಜೀವಮಾನದ ಚಿಂತೆ. ಹೆಂಡತಿಗೆ ಚೀಟಿ ಬರೆದಿಟ್ಟು ಹೋಗುವಾಗಲೂ 'ಹಾಲು ತರಬೇಕು' ಎಂದು ಬರೆದವರಲ್ಲ. 'ಬೆಳಿಗ್ಗೆ ಬೆಕ್ಕು ಅಡುಗೆಮನೆಗೆ ಬಂದಿದ್ದನ್ನೂ, ಕಿಟಕಿ ತೆರೆದೇ ಇದ್ದದ್ದನ್ನೂ ಗಮನಿಸಿದಲ್ಲಿ, ಹಾಲು ಇಲ್ಲದಿರುವುದು ಆಶ್ಚರ್ಯವಲ್ಲ' ಎಂದು ಬರೆಯುತ್ತಾರೆ. ಹಾಲು ತರಬೇಕಾದವರು ಯಾರು ಎನ್ನುವುದು ಮಾತ್ರ ಅದರಲ್ಲಿ ಇರುವುದಿಲ್ಲ.

ಅವರ ಎದುರು ಮೇಜಿನಲ್ಲಿ ಕೂರುವವರು ಕೊಡೆ ಮೇಡಂ. ಮಳೆ ಇರಲಿ, ಬಿಸಿಲಿರಲಿ, ಎರಡೂ ಇಲ್ಲದಿರಲಿ, ಕೈಯಲ್ಲಿ ಕಪ್ಪು ಕೊಡೆ ಇದ್ದೇ ಇರುತ್ತದೆ. ಇಬ್ಬರೂ ಒಂದೇ ಪರೀಕ್ಷೆ ಬರೆದು, ಒಂದೇ ಆದೇಶದಲ್ಲಿ ನೇಮಕವಾದವರು. ಇಬ್ಬರ ತಲೆಯೂ ಎದುರುಬದುರು ಕೂತೇ ನೆರೆತಿದೆ. ಮಧ್ಯಾಹ್ನ ಎರಡು ಡಬ್ಬಿಗಳೂ ಒಂದೇ ಮೇಜಿನ ಮೇಲೆ ತೆರೆಯುತ್ತವೆ. ಯಾರ ಪಲ್ಯ ಯಾರು ತಿಂದರು ಎಂಬ ಲೆಕ್ಕ ಇಬ್ಬರೂ ಬಿಟ್ಟು ಎಷ್ಟೋ ಕಾಲವಾಯಿತು.

ಈ ಸಂಸಾರದಂಥ ವ್ಯವಸ್ಥೆಯ ನಡುವೆ ಒಂದು ದಿನ ನಮ್ಮ ಅಧೀಕ್ಷಕರು, ಅಂದರೆ ಸೂಪರಿಂಟೆಂಡೆಂಟರು, ನಿವೃತ್ತರಾದರು, ಅವರ ಗಾಜಿನ ಕೋಣೆ ಖಾಲಿಯಾಯಿತು.

ಗಾಜಿನ ಕೋಣೆ ಎಂದರೆ ಅರಮನೆಯೇನಲ್ಲ. ಸೊಂಟದವರೆಗೆ ಪ್ಲೈವುಡ್, ಮೇಲೆ ಗಾಜು, ಒಳಗೆ ಎಡಕ್ಕೆ ಮಾತ್ರ ತಿರುಗುವ ಒಂದು ತಿರುಗುಕುರ್ಚಿ. ಬಲಕ್ಕೆ ನೋಡಬೇಕಾದರೆ ಎಡದಿಂದ ಪೂರ್ತಿ ಸುತ್ತಿಕೊಂಡು ಬರಬೇಕು. ಆದರೂ ತಿದ್ದುಪಡಿಯವರಿಗೆ ಆ ಕುರ್ಚಿ ಬೇಕೇ ಬೇಕಿತ್ತು. ಕಾರಣ, ಅವರ ಷಡ್ಡಕ.

ಷಡ್ಡಕ ಎಂದರೆ ಹೆಂಡತಿಯ ಅಕ್ಕನ ಗಂಡ. ಇನ್ನೊಂದು ಇಲಾಖೆಯಲ್ಲಿ ಸೂಪರಿಂಟೆಂಡೆಂಟ್ ಆಗಿದ್ದು ನಿವೃತ್ತರಾದವರು. ನಿವೃತ್ತಿ ಕೆಲಸಕ್ಕಾಯಿತೇ ಹೊರತು ಗತ್ತಿಗಲ್ಲ. ನೆಂಟರ ಮನೆಗೆ ಹೋದರೆ ಕೈ ಇರುವ ಕುರ್ಚಿ ಅವರದ್ದು, ತಿದ್ದುಪಡಿಯವರಿಗೆ ಸ್ಟೂಲು. "ಏನಯ್ಯಾ, ಇನ್ನೂ ಅದೇ ಮೇಜೋ?" ಎಂದು ಪ್ರತಿಸಲವೂ ಕೇಳುತ್ತಾರೆ. ಆ ಪ್ರಶ್ನೆಗೆ ಉತ್ತರ ಕರಡು ಮಾಡಲು ತಿದ್ದುಪಡಿಯವರಿಗೇ ಬಂದಿರಲಿಲ್ಲ. ನಿವೃತ್ತಿಗೆ ಉಳಿದದ್ದು ಸ್ವಲ್ಪವೇ ಕಾಲ. ಈ ಸಲ ತಪ್ಪಿದರೆ ಸ್ಟೂಲೇ ಗತಿ.

ಹಿರಿತನದ ಪಟ್ಟಿಯ ಕರಡು ಬಂತು. ತಿದ್ದುಪಡಿ ಮೊದಲು, ಕೊಡೆ ಮೇಡಂ ಎರಡನೆಯವರು. ತಿದ್ದುಪಡಿಯವರ ಹೆಂಡತಿ ಅಂದೇ ಫೋನೆತ್ತಿ "ಸೂಪರಿಂಟೆಂಡೆಂಟರ ಮನೆ" ಎಂದು ಹೇಳಿ ಅಭ್ಯಾಸ ಮಾಡಿದರು. ಅತ್ತ ಕಡೆ ಇದ್ದದ್ದು ಗ್ಯಾಸ್ ಸಿಲಿಂಡರಿನವನು. "ಯಾರ ಮನೆಯಾದ್ರೇನಮ್ಮಾ, ಖಾಲಿ ಸಿಲಿಂಡರ್ ಹೊರಗಿಡಿ" ಎಂದನಂತೆ.

ಆದರೆ ಪಟ್ಟಿಯಲ್ಲಿ ಒಂದು ಮುಳ್ಳಿತ್ತು. ಪರೀಕ್ಷೆಯಲ್ಲಿ ಮೇಡಂ ಇವರಿಗಿಂತ ಮೇಲಿನ ಸ್ಥಾನದಲ್ಲಿದ್ದರು. ನೇಮಕದ ಆದೇಶ ಬಂದಾಗ ಅವರ ಕಾಲಿಗೆ ಪ್ಲಾಸ್ಟರ್ ಹಾಕಿತ್ತು, ಹಾಜರಾಗಲು ಕೊಟ್ಟ ಗಡುವಿನ ಕೊನೆಯ ದಿನ ಕುಂಟುತ್ತ ಬಂದು ಸೇರಿದರು. ತಿದ್ದುಪಡಿಯವರೋ, ಆದೇಶ ಕೈಗೆ ಸಿಕ್ಕ ಮಾರನೆಯ ದಿನವೇ, ಕಚೇರಿಯ ಬೀಗ ತೆಗೆಯುವ ಮೊದಲೇ ಬಂದು ಮೆಟ್ಟಿಲ ಮೇಲೆ ಕೂತಿದ್ದವರು. ಇಲಾಖೆ ಯಾರು ಮೊದಲು ಬಂದರು ಎಂದು ನೋಡಿ ಪಟ್ಟಿ ಮಾಡಿತ್ತು. ಯಾರು ಮೇಲಿದ್ದರು ಎಂದು ನೋಡಬೇಕಿತ್ತು ಎಂಬುದು ಮೇಡಂ ವಾದ. ಪಟ್ಟಿಗೆ ಆಕ್ಷೇಪಣೆ ಇದ್ದವರು ಬರೆದುಕೊಡಬಹುದು ಎಂದಿತ್ತು. ಮೇಡಂ ಬರೆದರು.

ಬರೆದು, ಎಂದಿನಂತೆ, ತಿದ್ದುಪಡಿಯವರ ಮೇಜಿನ ಮೇಲೆ ಇಟ್ಟರು.

ಬೇಕೆಂದು ಮಾಡಿದ್ದಲ್ಲ. ಕೈಗೆ ಅಭ್ಯಾಸವಾಗಿತ್ತು. ಊಟಕ್ಕೆ ಮೊದಲು ಕೈ ತೊಳೆದಂತೆ, ಕಾಗದ ಕಳಿಸುವ ಮೊದಲು ತಿದ್ದುಪಡಿಯವರ ಮೇಜು. ಇಟ್ಟಮೇಲೆ ನೆನಪಾಯಿತು, ವಾಪಸು ತೆಗೆದುಕೊಳ್ಳೋಣವೆಂದು ಕೈ ಚಾಚಿದರು. ಅಷ್ಟರಲ್ಲಿ ಆ ಮುಖಕ್ಕೆ ಹಲ್ಲುನೋವು ಬಂದಾಗಿತ್ತು.

"ಏನಮ್ಮಾ ಇದು?"

"ನಿಮ್ಮ ಮೇಲೆ ಆಕ್ಷೇಪಣೆ, ಸರ್. ಕೊಡಿ ಇಲ್ಲಿ."

"ಅದು ಗೊತ್ತಾಯ್ತು. ಇಷ್ಟು ಸಪ್ಪೆ ಯಾಕಿದೆ?"

"ನನಗೆ ಬರೋದು ಅಷ್ಟೇ."

"ಪ್ಲಾಸ್ಟರ್ ಕಥೆ ಮೊದಲು ಹೇಳಿದ್ದೀರಿ. ಅಯ್ಯೋ ಪಾಪ ಅಂತ ಓದಿ ಪಕ್ಕಕ್ಕಿಡ್ತಾರೆ. ಪರೀಕ್ಷೆಯ ಸ್ಥಾನ ಎಲ್ಲೋ ಬಾಲದಲ್ಲಿದೆ. ಗಡುವಿನೊಳಗೇ ಬಂದೆ ಅನ್ನೋದಂತೂ ಇಲ್ವೇ ಇಲ್ಲ. ನನ್ನ ವಿರುದ್ಧ ಬರೆಯೋದು ಅಂದ್ರೆ ಒಂದು ಮಟ್ಟ ಬೇಡ್ವಾ?"

"ಹಾಗಾದ್ರೆ ನೀವೇ ಬರೀರಿ ನೋಡೋಣ" ಎಂದರು ಮೇಡಂ, ಕೊಡೆ ತೆಗೆದುಕೊಂಡು ಎದ್ದು ಹೋಗುತ್ತ. ಕೋಪದಲ್ಲಿ ಅಂದ ಮಾತು. ತಿದ್ದುಪಡಿಯವರು ಅದನ್ನು ಆದೇಶವೆಂದು ತಿಳಿದುಕೊಂಡರು.

ಎರಡು ದಿನ ಕಚೇರಿಯಲ್ಲಿ ಬೇರೆ ಕಾಗದ ಮುಂದೆ ಹೋಗಲಿಲ್ಲ. ತಕ್ಕಡಿಗಳು ಜಪ್ತಿಯಾದಲ್ಲೇ ಇದ್ದವು, ಬಟ್ಟುಗಳು ಮುದ್ರೆಯಿಲ್ಲದೆ ಕಾದವು. ತಿದ್ದುಪಡಿಯವರು ಬರೆದರು, ಹರಿದರು, ಬರೆದರು. ಜವಾನರು ಟೀ ತಂದಿಟ್ಟು, "ಸಾರ್, ಇದು ನಿಮ್ಮ ಕುತ್ತಿಗೆಗೇ ಅಲ್ವಾ?" ಎಂದು ಕೇಳಿಯೂ ಕೇಳಿದರು.

"ಇದು ಡ್ರಾಫ್ಟು ಕಣಯ್ಯಾ. ಡ್ರಾಫ್ಟಿಗೆ ಕುತ್ತಿಗೆ ಯಾರದು ಅಂತ ಗೊತ್ತಾಗಬಾರದು."

ಹೀಗೆ ಹುಟ್ಟಿದ್ದೇ ನಾಲ್ಕನೇ ಪ್ಯಾರಾ. ನಮ್ಮ ಕಚೇರಿಯಲ್ಲಿ ಇಂದಿಗೂ ಅದನ್ನು ಬಾಯಿಪಾಠ ಹೇಳಬಲ್ಲವರಿದ್ದಾರೆ: 'ಪರೀಕ್ಷೆ ನಡೆಸಿ, ಸ್ಥಾನವನ್ನೂ ಕೊಟ್ಟು, ಹಾಜರಾಗಲು ಗಡುವನ್ನೂ ತಾನೇ ನೀಡಿದ ಇಲಾಖೆಯು, ಆ ಗಡುವಿನೊಳಗೆ ಬಂದವರ ನಡುವೆ ಯಾರು ಮೊದಲು ಓಡಿ ಬಂದರೆಂದು ನೋಡಿ ಹಿರಿತನ ಹಂಚುವುದಾದರೆ, ನಡೆದದ್ದು ಪರೀಕ್ಷೆಯಲ್ಲ, ಓಟದ ಪಂದ್ಯ. ಅರ್ಜಿದಾರರು ಪರೀಕ್ಷೆಗೆ ಅರ್ಜಿ ಹಾಕಿದ್ದರೇ ಹೊರತು ಓಟದ ಪಂದ್ಯಕ್ಕಲ್ಲ.'

ಮೇಡಂ ಅದನ್ನು ನಿಂತೇ ಓದಿದರು, ಆಮೇಲೆ ಕೂತು ಓದಿದರು. "ಸರ್, ಇದನ್ನ ಕೊಟ್ರೆ ನೀವು ಸೋಲ್ತೀರಿ" ಎಂದರು.

"ಸೋತ್ರೆ ಸೋಲ್ತೀನಿ. ನಿಮ್ಮ ಆ ಸಪ್ಪೆ ಕಾಗದದ ಮೇಲೆ ಗೆದ್ರೆ ನನಗೆ ಮುಖ ಎತ್ಕೊಂಡು ತಿರುಗೋಕಾಗುತ್ತಾ?"

ಮೇಡಂ ಕೊನೆಯಲ್ಲಿ ತಮ್ಮದೊಂದು ಮಾತು ಸೇರಿಸಿದರು: 'ಪಟ್ಟಿಯಲ್ಲಿ ನನಗಿಂತ ಮೊದಲಿರುವವರು ಕೆಲಸದಲ್ಲೂ ನನಗಿಂತ ಗಟ್ಟಿಗರು. ನನ್ನ ತಕರಾರು ಸಂಖ್ಯೆಯ ಬಗ್ಗೆ, ಮನುಷ್ಯರ ಬಗ್ಗೆ ಅಲ್ಲ.' ತಿದ್ದುಪಡಿಯವರು ಅದರ ಮೇಲೆ ಕೆಂಪು ಗೀಟೆಳೆದು 'ಅನಗತ್ಯ, ವಾದಕ್ಕೆ ಹಾನಿ' ಎಂದು ಅಂಚಿನಲ್ಲಿ ಬರೆದರು. ಮೇಡಂ ಮತ್ತೆ ಸೇರಿಸಿದರು. ಇವರು ಮತ್ತೆ ಹೊಡೆದುಹಾಕಿದರು. ಕೊನೆಗೆ ಮೇಡಂ ಟೈಪು ಮಾಡಿಸುವಾಗ ಇವರ ಕಣ್ಣು ತಪ್ಪಿಸಿ ಉಳಿಸಿಕೊಂಡರು. ಕಚೇರಿಯ ಇತಿಹಾಸದಲ್ಲಿ ತಿದ್ದುಪಡಿಗೆ ಸಿಗದೆ ಹೊರಗೆ ಹೋದ ವಾಕ್ಯ ಅದೊಂದೇ.

ಇಲಾಖೆ ಆಕ್ಷೇಪಣೆಯನ್ನು ತಳ್ಳಿಹಾಕಿತು. ಓದಿ ತಳ್ಳಿದರೆಂದು ಹೇಳಲಾರೆ. ಮೇಡಂ ಅದೇ ಕಾಗದವನ್ನು ವಕೀಲರಿಗೆ ಕೊಟ್ಟರು. ವಕೀಲರು ಎರಡು ಪುಟ ಓದಿ, ಕನ್ನಡಕ ತೆಗೆದು, "ಇದಕ್ಕೆ ನಾನು ಸೇರಿಸೋದು ನನ್ನ ಸಹಿ ಒಂದೇ" ಎಂದು ನ್ಯಾಯಮಂಡಳಿಗೆ ಹಾಕಿಬಿಟ್ಟರು. ಮೊದಲನೇ ಎದುರುದಾರರು ಸರ್ಕಾರ, ಎರಡನೆಯವರು ನಮ್ಮ ಸಾಹೇಬರು, ಮೂರನೆಯವರು ತಿದ್ದುಪಡಿ. ಇತ್ಯರ್ಥವಾಗುವವರೆಗೆ ಗಾಜಿನ ಕೋಣೆಗೆ ಬೀಗ.

ಈಗ ಇಲಾಖೆ ಉತ್ತರ ಕೊಡಬೇಕಲ್ಲ. ಸಾಹೇಬರು ಅರ್ಜಿಯ ನಕಲು ಹಿಡಿದು ನೇರವಾಗಿ ಕಿಟಕಿ ಪಕ್ಕದ ಮೇಜಿಗೆ ಬಂದರು.

"ಇದಕ್ಕೊಂದು ಉತ್ತರ ತಯಾರು ಮಾಡಿ."

"ಸರ್, ಇದರಲ್ಲಿ ನಾನೇ ಎದುರುದಾರ."

"ಒಳ್ಳೇದೇ ಆಯ್ತು. ವಿಷಯ ಗೊತ್ತಿರುತ್ತೆ."

ಆ ತಿಂಗಳು ತಿದ್ದುಪಡಿಯವರು ಇದ್ದಷ್ಟು ಖುಷಿಯಾಗಿ ನಾವು ಅವರನ್ನು ಎಂದೂ ಕಂಡಿರಲಿಲ್ಲ. ಜೀವಮಾನವಿಡೀ ಸಪ್ಪೆ ಕಾಗದಗಳಿಗೆ ಉತ್ತರ ಬರೆದು ಬರೆದು ಸೋತಿದ್ದ ಕೈಗೆ ಕೊನೆಗೂ ಸರಿಸಮನಾದ ಎದುರಾಳಿ ಸಿಕ್ಕಿದ್ದ. ಮೊದಲನೇ ಪ್ಯಾರಾಕ್ಕೆ ಉತ್ತರ ಸಿಕ್ಕಿತು. ಎರಡು, ಮೂರಕ್ಕೂ ಸಿಕ್ಕಿತು. "ಎಲ್ಲಿ ಒದ್ದರೆ ಬೀಳುತ್ತೆ ಅಂತ ಗೊತ್ತು ನೋಡಿ, ನಾನೇ ಕಟ್ಟಿದ್ದಲ್ವಾ" ಎಂದು ಕೈ ಉಜ್ಜಿಕೊಂಡರು. ನಾಲ್ಕಕ್ಕೆ ಬಂದು ನಿಂತರು. ಒಂದು ವಾರ ನಿಂತರು.

ಮಧ್ಯಾಹ್ನ ಡಬ್ಬಿ ತೆರೆದಾಗಲೂ ಅದೇ ಮಾತು. "ಮೇಡಂ, ನಿಮ್ಮ ನಾಲ್ಕನೇ ಪ್ಯಾರಾಕ್ಕೆ ಉತ್ತರ ಇಲ್ಲ ಕಣ್ರೀ."

"ನನ್ನದಲ್ಲ, ನಿಮ್ಮದು. ಪಲ್ಯ ಹಾಕ್ಕೊಳ್ಳಿ."

"ಎಲ್ಲಿಂದ ಹೋದ್ರೂ ಬಾಗಿಲು ಹಾಕಿದೆ. ಕಿಟಕಿನೂ ಇಲ್ಲ."

"ಕಟ್ಟುವಾಗ ಒಂದು ಕಿಟಕಿ ಬಿಡಬೇಕಿತ್ತು."

"ಹಾಗೆ ಬಿಡೋಕೆ ಮನಸ್ಸು ಬರಲ್ಲ" ಎಂದರು ತಿದ್ದುಪಡಿ. ಸಂಕಟ ಪಡುತ್ತಿರುವವರ ದನಿಯೇ ಅಲ್ಲ ಅದು. ಮಗ ತನ್ನನ್ನೇ ಕುಸ್ತಿಯಲ್ಲಿ ಕೆಡವಿದ ಎಂದು ಊರಿಗೆಲ್ಲ ಹೇಳಿಕೊಳ್ಳುವ ಅಪ್ಪನ ದನಿ. ಕೊನೆಗೆ ಉತ್ತರದಲ್ಲಿ 'ನಾಲ್ಕನೇ ಪ್ಯಾರಾದ ವಿಷಯವು ಪರಿಶೀಲನಾರ್ಹ' ಎಂದು ಬರೆದರು. ಅಲ್ಲಿಂದ ಮುಂದಿನದೂ ತಾವೇ ಬರೆದದ್ದೆಂದು ಅರ್ಜಿಯ ಕೊನೆಯ ಪುಟ ತಿರುವಿಯೂ ನೋಡಲಿಲ್ಲ. ಸಾಹೇಬರು ಸಹಿ ಹಾಕಿದರು. ಅವರೂ ಓದಿ ಹಾಕಿದರೆಂದು ಹೇಳಲಾರೆ.

ಮನೆಯಲ್ಲಿ ಹೆಂಡತಿ ಕೇಳಿದರು, "ಕೇಸು ಹೇಗಿದೆ?"

"ಅದ್ಭುತವಾಗಿದೆ."

"ಹಾಗಾದ್ರೆ ಅಕ್ಕನಿಗೆ ಹೇಳ್ಲಾ?"

"ಯಾರ ಕಡೆಗೆ ಅದ್ಭುತವಾಗಿದೆ ಅಂತ ಮಾತ್ರ ಹೇಳಬೇಡ."

ವಿಚಾರಣೆಯ ದಿನ ವಾದಿ ಪ್ರತಿವಾದಿ ಇಬ್ಬರೂ ಒಂದೇ ಬಸ್ಸಿನಲ್ಲಿ ಹೋದರು. ಬಸ್ಸಿಳಿದಾಗ ಮಳೆ ಶುರುವಾಗಿತ್ತು. ಆ ಕಪ್ಪು ಕೊಡೆಗೆ ಕೊನೆಗೂ ನಿಜವಾದ ಕೆಲಸ ಸಿಕ್ಕಿತು. ಒಂದೇ ಕೊಡೆಯಡಿ ಇಬ್ಬರೂ ಮೆಟ್ಟಿಲು ಹತ್ತಿ ಬಂದದ್ದನ್ನು ಕಂಡ ಇಲಾಖೆಯ ವಕೀಲರು, "ರಾಜಿಯಾಯ್ತೇ?" ಎಂದು ಕೇಳಿದರು.

"ಇಲ್ಲ, ಮಳೆಯಾಯ್ತು" ಎಂದರು ಮೇಡಂ.

ನಾನೂ ಕಡತ ಹೊತ್ತುಕೊಂಡು ಹೋಗಿದ್ದೆ. ಸಾಕ್ಷಿಗೆಂದಲ್ಲ, ಕಡತ ಭಾರವಿತ್ತು ಎಂದು. ನಮ್ಮ ಸರದಿ ಬಂದಾಗ ನ್ಯಾಯಾಧೀಶರ ಮುಖದಲ್ಲಿ ಅಂದು ಕೇಳಿದ ಮೊಕದ್ದಮೆಗಳ ಆಯಾಸವೆಲ್ಲ ಇತ್ತು. ಪುಟ ಮಗುಚುತ್ತ ಹೋದವರು ಒಂದು ಕಡೆ ನಿಂತರು. ಬೆನ್ನು ನೆಟ್ಟಗೆ ಮಾಡಿಕೊಂಡರು. ಗಟ್ಟಿಯಾಗಿ ಓದಲು ಶುರುಮಾಡಿದರು. 'ಪರೀಕ್ಷೆ ನಡೆಸಿ, ಸ್ಥಾನವನ್ನೂ ಕೊಟ್ಟು...'

ನಾನು ತಿದ್ದುಪಡಿಯವರ ಕಡೆ ನೋಡಿದೆ. ಕಣ್ಣು ಮುಚ್ಚಿಕೊಂಡು, ತುಟಿ ಅಲ್ಲಾಡಿಸುತ್ತ, ಜೊತೆಜೊತೆಗೇ ಹೇಳಿಕೊಳ್ಳುತ್ತಿದ್ದರು. 'ಓಟದ ಪಂದ್ಯಕ್ಕಲ್ಲ' ಎಂದು ನ್ಯಾಯಾಧೀಶರು ಮುಗಿಸಿದಾಗ ಇವರ ತಲೆ ತಾನಾಗಿ ತೂಗಿತು.

"ಚೆನ್ನಾಗಿ ಬರೆದಿದ್ದೀರಿ" ಎಂದರು ನ್ಯಾಯಾಧೀಶರು ಮೇಡಂ ಪರ ವಕೀಲರಿಗೆ. ವಕೀಲರು ನಾಚಿಕೊಂಡು ತಲೆಬಾಗಿದರು.

ಅದನ್ನು ನೋಡಿ ತಿದ್ದುಪಡಿಯವರಿಗೆ ತಡೆಯಲಾಗಲಿಲ್ಲ. ಎದ್ದು ನಿಂತುಬಿಟ್ಟರು. ಇಲಾಖೆಯ ವಕೀಲರು ಅಂಗಿ ಜಗ್ಗಿದರು, ಅಂಗಿ ಹೊರಗೆ ಬಂತೇ ಹೊರತು ಮನುಷ್ಯ ಕೂರಲಿಲ್ಲ.

"ಯಾರು ನೀವು?"

"ಮೂರನೇ ಎದುರುದಾರ, ಸ್ವಾಮಿ."

"ಹೇಳಿ. ಈ ನಾಲ್ಕನೇ ಪ್ಯಾರಾದ ಬಗ್ಗೆ ನಿಮ್ಮ ತಕರಾರು ಏನಾದರೂ ಇದೆಯೋ?"

ಇದ್ದದ್ದು ಆ ಒಂದು ಕ್ಷಣ. ಒಂದು ಪಕ್ಕ ಗಾಜಿನ ಕೋಣೆ, ಕುರ್ಚಿ, ಷಡ್ಡಕನ ಬಾಯಿಗೆ ಬೀಗ. ಇನ್ನೊಂದು ಪಕ್ಕ ಆ ಪ್ಯಾರಾ. 'ಅದು ಸರಿಯಿಲ್ಲ, ಸ್ವಾಮಿ' ಎಂದರೆ ಸಾಕಿತ್ತು, ಮಿಕ್ಕದ್ದನ್ನು ವಕೀಲರು ಎಳೆದಾಡಿ ಇನ್ನೊಂದಿಷ್ಟು ವರ್ಷ ನಡೆಸುತ್ತಿದ್ದರು. ಇಲಾಖೆಯ ವಕೀಲರು ಕೆಳಗಿನಿಂದಲೇ "ಇದೆ ಅನ್ನಿ, ಇದೆ ಅನ್ನಿ" ಎಂದು ಪಿಸುಗುಟ್ಟಿದರು.

ತಿದ್ದುಪಡಿಯವರು ಗಂಟಲು ಸರಿಮಾಡಿಕೊಂಡರು. "ತಕರಾರು ಇಲ್ಲ, ಸ್ವಾಮಿ. ಅದು ಚೆನ್ನಾಗಿಯೇ ಬಂದಿದೆ" ಎಂದರು. ಒಂದು ಗಳಿಗೆ ಬಿಟ್ಟು, "ಐದನೆಯದು ಸ್ವಲ್ಪ ಉದ್ದವಾಯ್ತು" ಎಂದೂ ಸೇರಿಸಿದರು.

ಇಲಾಖೆಯ ವಕೀಲರು ಕಡತ ಮುಚ್ಚಿದರು.

ವಾಪಸು ಬರುವಾಗ ಬಸ್ಸಿನಲ್ಲಿ ಮೇಡಂ ಕೊಡೆ ಮಡಿಸಿ ಕಾಲ ಬಳಿ ನಿಲ್ಲಿಸಿಕೊಂಡರು. ಅದರ ತುದಿಯಿಂದ ತೊಟ್ಟಿಕ್ಕುವ ನೀರನ್ನು ನೋಡುತ್ತ, "ಏನ್ಸಾರ್ ಹೀಗೆ ಮಾಡಿದ್ರಿ? ಮನೇಲಿ ಏನು ಹೇಳ್ತೀರಿ?" ಎಂದರು.

"ಆ ವಕೀಲ ತಲೆ ಬಾಗಿಸಿದ್ದು ನೋಡಿದ್ರಾ ನೀವು? ತಾನೇ ಬರೆದೋನ ಹಾಗೆ?" ಎಂದರು ಇವರು. ಇವರಿಗೆ ನೋವಾಗಿದ್ದು ಅದೊಂದೇ.

ಆದೇಶ ಬಂತು. ಮೇಡಂ ಮೊದಲು, ತಿದ್ದುಪಡಿ ಎರಡನೆಯವರು. ನಾಲ್ಕನೇ ಪ್ಯಾರಾವನ್ನು ಒಂದಕ್ಷರ ಬಿಡದೆ ಎತ್ತಿ ಬರೆದು, 'ಈ ವಾದಕ್ಕಿಂತ ಸ್ಪಷ್ಟವಾಗಿ ನಾವೂ ಹೇಳಲಾರೆವು' ಎಂದಿದ್ದರು ನ್ಯಾಯಾಧೀಶರು. ತಿದ್ದುಪಡಿಯವರು ಜೆರಾಕ್ಸ್ ಅಂಗಡಿಗೆ ಹೋದರು. ಸೋತ ಆದೇಶದ ನಕಲನ್ನು ಅಷ್ಟು ಮಂದಿಗೆ ಹಂಚಿದ ಮೊದಲ ಸರ್ಕಾರಿ ನೌಕರ ಅವರೇ ಇರಬೇಕು. ಟೀ ಅಂಗಡಿಯವನಿಗೂ ಒಂದು ಪ್ರತಿ ಹೋಯಿತು. ಅವನು ಅದರಲ್ಲಿ ಬೋಂಡಾ ಕಟ್ಟಿಕೊಡಲು ಹೊರಟಾಗ ದೊಡ್ಡ ಜಗಳವೇ ಆಯಿತು.

ಮನೆಯಲ್ಲಿ ಅಂದು ಸಂಜೆ ಹೆಂಡತಿ ಮಾತಾಡಲಿಲ್ಲ, ಪಾತ್ರೆಗಳು ಮಾತಾಡಿದವು. ಆ ಸಮಯಕ್ಕೆ ಸರಿಯಾಗಿ ಷಡ್ಡಕರು ಬಂದರು. ಬಂದವರೇ ಕೈ ಇರುವ ಕುರ್ಚಿಯಲ್ಲಿ ಕೂತು, "ಏನಯ್ಯಾ, ಸೋತ್ಯಂತೆ?" ಎಂದರು.

ತಿದ್ದುಪಡಿಯವರು ಒಂದು ಪ್ರತಿ ಕೈಗಿತ್ತು, ನಾಲ್ಕನೇ ಪ್ಯಾರಾದ ಮೇಲೆ ಬೆರಳಿಟ್ಟು, "ಇದು ನನ್ನದು" ಎಂದರು. ಷಡ್ಡಕರು ಓದಿದರು. "ಇದನ್ನ ನೀನು ಬರೆದದ್ದಾ? ನಿನ್ನ ಮೇಲೆ ನೀನೇ?"

"ಹೌದಣ್ಣ."

"ಇಂಥಾ ಪೆದ್ದನ್ನ ನಾನು ಎಲ್ಲೂ ನೋಡಿಲ್ಲ ಬಿಡು."

"ಸರಿ ಅಣ್ಣ. ನೀವು ಅಷ್ಟು ವರ್ಷ ಸೂಪರಿಂಟೆಂಡೆಂಟ್ ಆಗಿದ್ರಲ್ಲ, ನೀವು ಬರೆದ ಒಂದು ವಾಕ್ಯ ಆದ್ರೂ ಯಾವುದಾದ್ರೂ ಜಡ್ಜು ಎತ್ತಿ ಬರೆದಿದ್ದಾರಾ?"

ಅಡುಗೆಮನೆಯಲ್ಲಿ ಪಾತ್ರೆಯ ಸದ್ದು ನಿಂತಿತು. ಷಡ್ಡಕರು ಕಾಗದವನ್ನು ಮಗುಚಿ ಹಿಂದಿನ ಪುಟ ನೋಡಿದರು, ಅಲ್ಲಿ ಏನೂ ಇರಲಿಲ್ಲ. "ನಮ್ಮ ಇಲಾಖೆಯಲ್ಲಿ ಅಷ್ಟು ಕೇಸು ಇರ್ತಿರ್ಲಿಲ್ಲ" ಎಂದರು. ಕಾಫಿ ಬಂತು. ಮೊದಲ ಲೋಟ ತಿದ್ದುಪಡಿಯವರ ಕೈಗೆ ಬಂತು. ಆ ಸಂಜೆಯೇ ಹೆಂಡತಿ ಅಕ್ಕನಿಗೆ ಫೋನು ಮಾಡಿ, "ನಮ್ಮನೆಯವರು ಬರೆದದ್ದನ್ನ ಜಡ್ಜು ಕಾಪಿ ಹೊಡೆದಿದ್ದಾರೆ ಕಣೇ" ಎಂದು ಹೇಳುತ್ತಿದ್ದರಂತೆ.

ಆದೇಶಕ್ಕೆ ಒಂದು ಬಾಲವೂ ಇತ್ತು. ತಿದ್ದುಪಡಿಯವರು ಅದನ್ನು ಓದಿರಲೇ ಇಲ್ಲ, ನಾಲ್ಕನೇ ಪ್ಯಾರಾ ಮುಗಿದಮೇಲೆ ಅವರಿಗೆ ಆಸಕ್ತಿ ಉಳಿದಿರಲಿಲ್ಲ. ಮೇಡಂ ತೋರಿಸಿದರು. 'ಮೂರನೇ ಎದುರುದಾರರು ತನಗಿಂತ ಗಟ್ಟಿಗರೆಂದು ಅರ್ಜಿದಾರರೇ ಒಪ್ಪಿರುವುದರಿಂದ, ಮುಂದೆ ತೆರವಾಗುವ ಮೊದಲ ಸ್ಥಾನಕ್ಕೆ ಅವರನ್ನು ವಿಳಂಬವಿಲ್ಲದೆ ಪರಿಗಣಿಸತಕ್ಕದ್ದು.'

"ಹೊಡೆದುಹಾಕಿದ್ನಲ್ಲ ನಾನು ಅದನ್ನ?"

"ನಾನು ಇಟ್ಕೊಂಡಿದ್ದೆ."

ತಿದ್ದುಪಡಿಯವರು ಆ ವಾಕ್ಯವನ್ನು ಮತ್ತೆ ಓದಿದರು. ಹಲ್ಲುನೋವು ಬರಲಿಲ್ಲ. "ವಾದದ ದೃಷ್ಟಿಯಿಂದ ದುರ್ಬಲವೇ" ಎಂದರು, "ಆದ್ರೆ ಇರಲಿ."

ಮೇಡಂ ಗಾಜಿನ ಕೋಣೆಗೆ ಹೋದರು. ಮೊದಲ ದಿನವೇ ಒಂದು ಸುತ್ತೋಲೆ ಬರೆದು, ಎಡಗಡೆಯಿಂದ ಒಂದು ಸುತ್ತು ತಿರುಗಿ, ಎದ್ದು ಬಂದು, ಕಿಟಕಿ ಪಕ್ಕದ ಮೇಜಿನ ಮೇಲಿಟ್ಟರು. ಡಬ್ಬಿಗಳು ಆ ಮೇಜಿನ ಮೇಲೇ ತೆರೆಯುತ್ತಿದ್ದವು.

ಮಳೆಗಾಲ ಮುಗಿಯುವ ಹೊತ್ತಿಗೆ ದಾಸ್ತಾನು ವಿಭಾಗದ ಅಧೀಕ್ಷಕರ ಸ್ಥಾನ ತೆರವಾಯಿತು. ತಿದ್ದುಪಡಿಯವರ ಬಡ್ತಿಯ ಆದೇಶವನ್ನು ಮೇಡಂ ತಾವೇ ಬರೆದು, ಸಾಹೇಬರ ಸಹಿ ಹಾಕಿಸಿ, ಆಶ್ಚರ್ಯವಾಗಲಿ ಎಂದು ಯಾರಿಗೂ ತೋರಿಸದೆ ತಂದುಕೊಟ್ಟರು. ಕಚೇರಿಯೆಲ್ಲ ಸುತ್ತ ನಿಂತಿತ್ತು. ತರಕಾರಿಯವರೂ ಬೆಂಚಿನಿಂದ ಎದ್ದು ಬಂದಿದ್ದರು.

ತಿದ್ದುಪಡಿಯವರು ಓದಿದರು. ಮುಖದಲ್ಲಿ ನಿಧಾನವಾಗಿ ಹಲ್ಲುನೋವು ಮೂಡಿತು.

"ಬೇಡ ಸರ್, ಇವತ್ತೊಂದು ದಿನ ಬೇಡ" ಎಂದರು ಮೇಡಂ.

"ಬಡ್ತಿ ಕೊಟ್ಟದ್ದನ್ನ ಮೊದಲು ಹೇಳಿ, ಯಾಕೆ ಕೊಟ್ರಿ ಅನ್ನೋದನ್ನ ಆಮೇಲೆ ಹೇಳಿದ್ದೀರಿ. ಓದಿದೋರಿಗೆ ದಾನ ಕೊಟ್ಟ ಹಾಗೆ ಕಾಣುತ್ತೆ. ಇದನ್ನ ಹಿಡ್ಕೊಂಡು ನಾನು ಹೇಗೆ ಹಾಜರಾಗಲಿ?"

"ತಿದ್ದಿದ್ರೆ ಮತ್ತೆ ಸಹಿ ಹಾಕಿಸ್ಬೇಕು, ಸಾಹೇಬರು ನಾಳೆವರೆಗೆ ಊರಲ್ಲಿಲ್ಲ. ಪಕ್ಕದ ಕಚೇರಿಯಲ್ಲೂ ಒಬ್ಬರು ಇದೇ ದರ್ಜೆಯ ಹುದ್ದೆಗೆ ಇವತ್ತೇ ಹಾಜರಾಗ್ತಿದ್ದಾರೆ. ನೀವು ನಾಳೆ ಬಂದ್ರೆ ಅವರು ನಿಮಗಿಂತ ಸೀನಿಯರ್ ಆಗ್ತಾರೆ."

"ಆಗ್ಲಿ ಬಿಡಿ" ಎಂದು ತಿದ್ದುಪಡಿಯವರು ಕೆಂಪು ಪೆನ್ನಿನ ಮುಚ್ಚಳ ತೆಗೆದರು. "ಮೊದಲು ಓಡಿ ಬಂದೋರೆಲ್ಲ ಸೀನಿಯರ್ ಆಗಲ್ಲ. ಅದಕ್ಕೊಂದು ಒಳ್ಳೇ ಪ್ಯಾರಾ ಇದೆ ನಮ್ಮ ಹತ್ರ."